ಕಿವಿಹರುಕ ರಮಜಾನ್

ನಮ್ಮ ಕೇಂದ್ರದ ಧ್ವನಿ ವಿಭಾಗದಲ್ಲಿ ಅಗರ್ತಲಾದ ಕಡೆಯ ಸಹೋದ್ಯೋಗಿಯೊಬ್ಬರಿದ್ದರು. ಯಾರಾದರೂ ಮೇಲಿನವರ ಮುಂದೆ ಮಿತಿಮೀರಿ ಹಲ್ಲುಗಿಂಜಿದರೆ ಇವರು ಏನೂ ಮಾತನಾಡದೆ ಒಂದು ಕೈಯಿಂದ ತಮ್ಮ ಕಿವಿಯನ್ನು ಮುಚ್ಚಿಕೊಳ್ಳುತ್ತಿದ್ದರು. ಧ್ವನಿ ವಿಭಾಗದವರಲ್ಲವೇ, ಕಿವಿ ನೋವಿರಬೇಕು ಎಂದುಕೊಂಡಿದ್ದೆ. ಒಂದು ದಿನ ಕೇಳಿಯೇಬಿಟ್ಟೆ. "ಅವನು ರಮಜಾನ್ ಸಾರ್, ಕಿವಿಹರುಕ ರಮಜಾನ್" ಎಂದು ನಕ್ಕರು.

ಅಗರ್ತಲಾ ಇರುವುದು ಬಾಂಗ್ಲಾದೇಶದ ಗಡಿಗೆ ಅಂಟಿಕೊಂಡು. 1980ರ ದಶಕದಲ್ಲಿ ಅಲ್ಲಿನ ಮನೆಗಳ ಮಾಳಿಗೆಯ ಆಂಟೆನಾಗಳು ಢಾಕಾದ ಕಡೆಗೆ ತಿರುಗಿರುತ್ತಿದ್ದವಂತೆ. ಗಡಿಯಲ್ಲಿ ಕಾವಲು ಇದ್ದೇ ಇತ್ತು, ಆದರೆ ನಾಟಕ ಮಾತ್ರ ರಾತ್ರಿ ರಾತ್ರಿ ಈಚೆಗೆ ದಾಟಿ ಬರುತ್ತಿತ್ತು. ಹಾಗೆ ದಾಟಿ ಬಂದವನು ಈ ರಮಜಾನ್. ಆ ಪಾತ್ರಕ್ಕೆ ಜೀವ ಕೊಟ್ಟವರು ಹುಮಾಯೂನ್ ಫರೀದಿ. ಅವರನ್ನು ಕುರಿತು ನಾಲ್ಕು ಮಾತು ಹೇಳಬೇಕೆಂದಿದ್ದೇನೆ.

ಫರೀದಿ ಹುಟ್ಟಿದ್ದು 1952ರ ಮೇ 29ರಂದು, ಢಾಕಾದಲ್ಲಿ. 1970ರಲ್ಲಿ ಢಾಕಾ ವಿಶ್ವವಿದ್ಯಾಲಯ ಸೇರಿ ಸಾವಯವ ರಸಾಯನಶಾಸ್ತ್ರವನ್ನು ಆರಿಸಿಕೊಂಡರು. ನಾನೂ ರಸಾಯನಶಾಸ್ತ್ರ ಓದಿ ಈ ಕೆಲಸಕ್ಕೆ ಬಂದವನಾದ್ದರಿಂದ ಈ ವಿವರ ನನ್ನನ್ನು ಹಿಡಿದು ನಿಲ್ಲಿಸಿತು. ಆದರೆ ನಾನು ಪ್ರಯೋಗಶಾಲೆ ಬಿಟ್ಟದ್ದು ಅಂಕಗಳ ಕಾರಣದಿಂದ. ಅವರು ಬಿಟ್ಟದ್ದು ಯುದ್ಧದ ಕಾರಣದಿಂದ. 1971ರ ಮಾರ್ಚ್ 25ರ ರಾತ್ರಿ ಪಾಕಿಸ್ತಾನಿ ಸೇನೆ ಢಾಕಾದ ಮೇಲೆ, ಮುಖ್ಯವಾಗಿ ವಿಶ್ವವಿದ್ಯಾಲಯದ ವಿದ್ಯಾರ್ಥಿನಿಲಯಗಳ ಮೇಲೆ, ಎರಗಿತು. ಹತ್ತೊಂಬತ್ತರ ಹುಡುಗ ವಿಮೋಚನಾ ಸಮರಕ್ಕೆ ಹೋದ. ಯುದ್ಧ ಮುಗಿದ ಮೇಲೆ ರಸಾಯನಶಾಸ್ತ್ರಕ್ಕೆ ಮರಳಲೇ ಇಲ್ಲ. ಮುಂದೆ ಢಾಕಾದ ಹೊರವಲಯದ ಜಹಾಂಗೀರ್‌ನಗರ ವಿಶ್ವವಿದ್ಯಾಲಯದಲ್ಲಿ ಅರ್ಥಶಾಸ್ತ್ರ ಓದಿದರು.

ಅಲ್ಲಿ ಬಂಗಾಳಿ ಪಾಠ ಹೇಳುತ್ತಿದ್ದವರು ನಾಟಕಕಾರ ಸೆಲಿಂ ಅಲ್ ದೀನ್. 1976ರ ವಿಶ್ವವಿದ್ಯಾಲಯದ ನಾಟಕೋತ್ಸವ ಈ ಇಬ್ಬರನ್ನು ಹತ್ತಿರ ತಂದಿತು. ಆಮೇಲೆ ಫರೀದಿ 'ಢಾಕಾ ಥಿಯೇಟರ್' ತಂಡದವರಾದರು. ನಿರ್ದೇಶಕ ನಾಸಿರುದ್ದೀನ್ ಯೂಸುಫ್ ಮತ್ತು ಗೆಳೆಯರು 1973ರಲ್ಲಿ ಕಟ್ಟಿದ ತಂಡ ಅದು. ಹಳ್ಳಿಯ ಜಾತ್ರೆ, ಕಥನಗಾಯನ, ಕೆಳಗಿನವರ ಬದುಕು, ಇವುಗಳಿಂದ ಹೊಸ ರಂಗಭಾಷೆಯೊಂದನ್ನು ಹುಡುಕಲು ಹೊರಟವರು. 'ಶಕುಂತಲಾ', 'ಕಿತ್ತನ್‌ಖೋಲಾ', 'ಕೇರಾಮತ್ ಮಂಗಲ್' ನಾಟಕಗಳಲ್ಲಿ ಫರೀದಿ ಪಳಗಿದರು. ನಾಯಕನಿಗೆ ಬೇಕಾದ ರೂಪ ಅವರದಲ್ಲ. ದುಂಡು ಮುಖ, ಚುರುಕು ಕಣ್ಣು, ಬೇಕೆಂದಾಗ ಬೆಣ್ಣೆಯಾಗುವ, ಬೇಡವೆಂದಾಗ ಗರಗಸವಾಗುವ ಕಂಠ. ಇಂಥವರಿಗೆ ನಮ್ಮಲ್ಲೂ ಪಾತ್ರ ಹಂಚುವಾಗ ಕೊನೆಗೆ ಉಳಿದದ್ದನ್ನು ಕೊಡುವ ಅಭ್ಯಾಸವಿದೆ. ತಪ್ಪೊಪ್ಪಿಗೆಯೆಂದೇ ತಿಳಿಯಿರಿ, ನಾನೂ ಹಾಗೆ ಮಾಡಿದ್ದೇನೆ.

ಈಗ ರಮಜಾನ್‌ಗೆ ಬರೋಣ. 'ಸಂಶಪ್ತಕ' ಎಂಬುದು ಶಹೀದುಲ್ಲಾ ಕೈಸರ್ ಅವರ ದೊಡ್ಡ ಕಾದಂಬರಿ; 1965ರಲ್ಲಿ ಪ್ರಕಟವಾಯಿತು. ಹೆಸರನ್ನು ನಿಮಗೆ ವಿವರಿಸಬೇಕಾಗಿಲ್ಲ. ಕುರುಕ್ಷೇತ್ರದಲ್ಲಿ ಅರ್ಜುನನನ್ನು ಗೆಲ್ಲುತ್ತೇವೆ, ಇಲ್ಲವೇ ಸಾಯುತ್ತೇವೆ ಎಂದು ಶಪಥ ತೊಟ್ಟು ನಿಂತ ಅದೇ ಸಂಶಪ್ತಕರು. ಮುಸ್ಲಿಂ ರೈತರ ಹಳ್ಳಿಯೊಂದರ ಕಥೆಗೆ ಮಹಾಭಾರತದ ಆ ಮಾತನ್ನು ಹೆಸರಾಗಿಟ್ಟ ಲೇಖಕರು ಅವರು. 1971ರ ಡಿಸೆಂಬರ್ 14ರಂದು, ಢಾಕಾ ಬಿಡುಗಡೆಯಾಗಲು ಎರಡೇ ದಿನ ಇದ್ದಾಗ, ಅವರನ್ನು ಮನೆಯಿಂದ ಎಳೆದೊಯ್ದರು. ಎಳೆದೊಯ್ದವರು ಪರದೇಶದವರಲ್ಲ, ಸೇನೆಗೆ ಕೈಜೋಡಿಸಿದ ಸ್ಥಳೀಯರು. ಅವರು ಮರಳಲಿಲ್ಲ. ಅವರನ್ನು ಹುಡುಕುತ್ತ 1972ರ ಜನವರಿ 30ರಂದು ಹೊರಟ ತಮ್ಮ, ಚಿತ್ರ ನಿರ್ದೇಶಕ ಜಹೀರ್ ರೈಹಾನ್ ಅವರೂ ಮರಳಲಿಲ್ಲ.

ಆ ಕಾದಂಬರಿಯನ್ನು 1980ರ ದಶಕದ ಕೊನೆಯಲ್ಲಿ ಬಾಂಗ್ಲಾದೇಶ ಟೆಲಿವಿಷನ್ ಧಾರಾವಾಹಿಯಾಗಿ ಪ್ರಸಾರ ಮಾಡಿತು. ಮುಖ್ಯ ಹೊಣೆ ಹೊತ್ತವರು ಅಬ್ದುಲ್ಲಾ ಅಲ್ ಮಾಮುನ್. ಹಳ್ಳಿಯ ಪಂಚಾಯಿತಿಯ ತೀರ್ಪಿನಿಂದ ಕಾದ ನಾಣ್ಯದ ಬರೆಯನ್ನು ಹಣೆಯ ಮೇಲೆ ಹೊತ್ತ ಹುರಮತಿಯಾಗಿ ಫಿರ್ದೌಸಿ ಮಜುಂದಾರ್. ಅವಳೆದುರಿಗೆ ಫರೀದಿಯವರ ರಮಜಾನ್.

ರಮಜಾನ್ ದೊಡ್ಡ ಖಳನಲ್ಲ. ಇದನ್ನು ಗಮನಿಸಬೇಕು. ಅವನು ದೊಡ್ಡಮನೆಯ ನೆರಳಿನಲ್ಲಿ ಬೆಳೆದ ಪುಟ್ಟ ಮನುಷ್ಯ. ಮೇಲಿನವರ ಮುಂದೆ ಬೆನ್ನು ಬಾಗುತ್ತದೆ, ಕೆಳಗಿನವರ ಮುಂದೆ ಅದೇ ಬೆನ್ನು ಸೆಟೆಯುತ್ತದೆ. ಕಾಲ ಬದಲಾದಂತೆ ಯಜಮಾನರನ್ನು ಬದಲಿಸುತ್ತಾನೆ. ಫರೀದಿ ಅವನನ್ನು ರಾಕ್ಷಸನನ್ನಾಗಿ ಮಾಡಲಿಲ್ಲ, ನಗೆ ಬರಿಸಿದರು. ನಗುತ್ತಿರುವಾಗಲೇ ನೋಡುವವರಿಗೆ ತಮ್ಮ ಊರಿನ ಒಬ್ಬನ ಮುಖ ನೆನಪಾಗುವಂತೆ ಮಾಡಿದರು. ಬ್ಯೂರೆಟ್ಟಿನಿಂದ ಹನಿಹನಿಯಾಗಿ ಬಿಡುತ್ತಿರುವಾಗ ದ್ರಾವಣದ ಬಣ್ಣ ತಿರುಗುವುದು ಒಂದೇ ಒಂದು ಹನಿಗೆ. ಆ ಹನಿಯ ಅಂದಾಜು ಅವರಿಗಿತ್ತು. ಟೆಲಿವಿಷನ್ ಪರದೆ ಚಿಕ್ಕದು. ಅಲ್ಲಿ ಕ್ಯಾಮೆರಾ ಮುಖಕ್ಕೆ ಹತ್ತಿರ ಬರುತ್ತದೆ. ರಂಗಮಂಚದಿಂದ ಬಂದ ಎಷ್ಟೋ ಒಳ್ಳೆಯ ನಟರು ಕೊನೆಯ ಸಾಲಿನವನಿಗೆ ಕೇಳಲೆಂದು ಇಲ್ಲೂ ಕೂಗುತ್ತಾರೆ. ಫರೀದಿ ಧ್ವನಿಯನ್ನು ತಗ್ಗಿಸಿದಾಗಲೇ ಹೆಚ್ಚು ಭಯವಾಗುತ್ತಿತ್ತು.

ಕಾಲವನ್ನೂ ನೆನೆಯಿರಿ. 1982ರಿಂದ 1990ರ ಡಿಸೆಂಬರ್‌ವರೆಗೆ ಆ ದೇಶವನ್ನು ಆಳಿದ್ದು ಸೇನಾನಿ ಎರ್ಷಾದ್. ಇದ್ದದ್ದು ಒಂದೇ ವಾಹಿನಿ, ಅದೂ ಸರ್ಕಾರದ್ದು. ಅಲ್ಲಿ 'ರಜಾಕಾರ' ಎಂಬ ಪದವನ್ನು ನೇರವಾಗಿ ಆಡುವಂತಿರಲಿಲ್ಲ. ನಮ್ಮ ಬೀದರ್, ಕಲಬುರಗಿ ಕಡೆಯ ಹಿರಿಯರಿಗೆ ಆ ಪದ 1948ರ ಕರಾಳ ದಿನಗಳನ್ನು ನೆನಪಿಸುತ್ತದೆ. ಬಾಂಗ್ಲಾದೇಶದಲ್ಲಿ ಅದು 1971ರಲ್ಲಿ ಸೇನೆಯ ಬಾಲಂಗೋಚಿಗಳಾಗಿ ನಿಂತವರ ಹೆಸರು. ಲೇಖಕ ಹುಮಾಯೂನ್ ಅಹ್ಮದ್ ಒಂದು ಉಪಾಯ ಮಾಡಿದರು. 'ಬಹುಬ್ರೀಹಿ' ಧಾರಾವಾಹಿಯಲ್ಲಿ ಆ ಪದವನ್ನು ಬೈಗುಳವಾಗಿ ಒಂದು ಗಿಳಿಯ ಬಾಯಲ್ಲಿ ಹೇಳಿಸಿಬಿಟ್ಟರು! ಗಿಳಿಯ ಮೇಲೆ ಯಾರು ಕ್ರಮ ಕೈಗೊಂಡಾರು? ರಮಜಾನ್ ಆ ಪದವನ್ನೂ ಬೇಡಲಿಲ್ಲ. ಅವನ ಕಥೆ ನಡೆಯುವುದು 1971ಕ್ಕೆ ಬಹಳ ಹಿಂದೆ. ಆದರೂ ಶಹೀದುಲ್ಲಾ ಕೈಸರ್ ಅವರನ್ನು ಮನೆಯಿಂದ ಎಳೆದೊಯ್ದವರು ಎಂಥವರೆಂದು ಅರಿತಿದ್ದ ಜನಕ್ಕೆ ಈ ಬಾಗಿದ ಬೆನ್ನು ಏನೆಂದು ಹೊಳೆಯದೆ ಇದ್ದೀತೆ? ಹೀಗೆ ಓದುವುದು ನನ್ನ ಊಹೆ ಎನ್ನಿ. ಆದರೆ ಸರ್ಕಾರಿ ವಾಹಿನಿಯಲ್ಲಿ ಕೆಲಸ ಮಾಡುವವನಿಗೆ, ಆಡಬಾರದ ಮಾತನ್ನು ಒಬ್ಬ ಪೋಷಕ ನಟನ ಬೆನ್ನುಮೂಳೆ ಆಡಬಲ್ಲುದು ಎಂಬುದು ಸಣ್ಣ ಸಂಗತಿಯಲ್ಲ.

ಎರ್ಷಾದ್ ಹೋದ ಮೇಲೆ, ಹುಮಾಯೂನ್ ಅಹ್ಮದರ 'ಕೋಥಾವ್ ಕೇವು ನೇಯ್' ಪ್ರಸಾರವಾಯಿತು; 'ಎಲ್ಲೂ ಯಾರೂ ಇಲ್ಲ' ಎಂದರ್ಥ. ಅದರಲ್ಲಿ ಬಾಕೇರ್ ಭಾಯ್ ಎಂಬ ಬೀದಿಯ ಪುಂಡ, ಒಳಗೆ ಚಿನ್ನದಂಥ ಮನುಷ್ಯ, ತಾನು ಮಾಡದ ಕೊಲೆಗೆ ಸಿಕ್ಕಿಬೀಳುತ್ತಾನೆ. ಆ ಪಾತ್ರ ಅಸಾದುಜ್ಜಮಾನ್ ನೂರ್ ಅವರದು. ಅವನನ್ನು ಗಲ್ಲಿಗೇರಿಸಬಾರದೆಂದು 1993ರಲ್ಲಿ ಜನ ನಿಜವಾಗಿಯೂ ಬೀದಿಗಿಳಿದು ಮೆರವಣಿಗೆ ಹೊರಟರು. ಕಾಲ್ಪನಿಕ ಪಾತ್ರದ ಪ್ರಾಣಕ್ಕಾಗಿ! ಅವನ ಪರವಾಗಿ ವಾದಿಸುವ ವಕೀಲ ಯಾರು ಗೊತ್ತೇ? ಫರೀದಿ. ಕೆಲವೇ ವರ್ಷಗಳ ಹಿಂದೆ ಹಲ್ಲು ಕಡಿದು ಶಪಿಸಿದ ಮುಖದತ್ತಲೇ ದೇಶ ಆಸೆಗಣ್ಣಿನಿಂದ ನೋಡಿತು. ವಕೀಲ ಸೋತ, ಬಾಕೇರ್ ಸತ್ತ.

ಅಷ್ಟರಲ್ಲಿ ಫರೀದಿ ಸಿನಿಮಾಕ್ಕೆ ಹೋಗಿದ್ದರು. ಇಲ್ಲಿಂದ ಒಂದು ದೂರು ಶುರುವಾಗುತ್ತದೆ. 1980ರ ದಶಕದಲ್ಲಿ ಅವರು 'ಹುಲಿಯಾ', 'ದಹನ್' ಮುಂತಾದ ಗಂಭೀರ ಚಿತ್ರಗಳಲ್ಲಿದ್ದರು. 1991ರಲ್ಲಿ ಶಹೀದುಲ್ ಇಸ್ಲಾಂ ಖೋಕನ್ ಅವರ 'ಸಂತ್ರಾಸ್' ಬಂತು. ಆಮೇಲೆ ಹೊಡೆದಾಟದ ಚಿತ್ರಗಳ ಖಳನಾಗಿ ವರ್ಷವರ್ಷವೂ ಅವರೇ. 'ಬಿಶ್ವಪ್ರೇಮಿಕ್'ನಲ್ಲಿ ಹುಚ್ಚು ಪ್ರೇಮಿ, 'ಭಂಡ'ದಲ್ಲಿ ನಗೆಗಾರ. ರಂಗಭೂಮಿಯ ಗೆಳೆತನದವರು ನಿಟ್ಟುಸಿರಿಟ್ಟರು: ಇಂಥ ನಟ ಹಾಳಾದ ಎಂದು.

ಹಾಳಾದರೇ? ಆ ಚಿತ್ರಗಳಲ್ಲಿ ಕೆಲವನ್ನು ನಾನು ನೋಡಿದ್ದೇನೆ. ಹಲವು ಕಡೆ ಅತಿಯಾಗಿದೆ, ನಿಜ. ನಗೆ ಒಂದು ಗಳಿಗೆ ಹೆಚ್ಚು ಉದ್ದ, ಕಣ್ಣು ಒಂದು ಅಳತೆ ಹೆಚ್ಚು ಅಗಲ. ಆ ಹನಿಯ ಲೆಕ್ಕ ತಪ್ಪಿದೆ. ಆದರೆ ಸಿನಿಮಾ ಮಂದಿರದ ಮುಂದಿನ ಬೆಂಚಿನಲ್ಲಿ ಕುಳಿತ ಕೂಲಿಯವನು, ಗಾಡಿಯವನು ಢಾಕಾ ಥಿಯೇಟರಿನ ಒಬ್ಬ ನಟನನ್ನು ನೋಡಲು ಸಾಧ್ಯವಾದದ್ದು ಅಲ್ಲಿಯೇ. ಸೆಲಿಂ ಅಲ್ ದೀನ್ ನಾಟಕ ಬರೆದದ್ದು ಆ ಕೂಲಿಯವನನ್ನು ಕುರಿತು. ಅವನ ಬಳಿಗೇ ಹೋದವರು ಫರೀದಿ. ಈ ವಾದ ಪೂರ್ತಿ ಸರಿಯೆಂದು ನಾನು ಹಟ ಹಿಡಿಯುವುದಿಲ್ಲ. ಬಾಡಿಗೆ ಕಟ್ಟಬೇಕಾದ ನಟನ ಮುಂದೆ ಕುಳಿತು 'ಕಲೆಗಾಗಿ ಸಂಭಾವನೆ ಸ್ವಲ್ಪ ತಗ್ಗಿಸಿ' ಎಂದು ಕೇಳಿದ ಅನುಭವವಿರುವವನು ಮಾತ್ರ ತೀರ್ಪು ಕೊಡಲು ಹಿಂಜರಿಯುತ್ತಾನೆ.

ಕಿರುತೆರೆಯನ್ನೂ ಒಳ್ಳೆಯ ಚಿತ್ರಗಳನ್ನೂ ಅವರು ತೊರೆಯಲಿಲ್ಲ. 1993ರಲ್ಲಿ ನಾಸಿರುದ್ದೀನ್ ಯೂಸುಫರ 'ಏಕಾತ್ತರೇರ್ ಜೀಶು', 2004ರಲ್ಲಿ ವಿಮೋಚನಾ ಯುದ್ಧದ 'ಜಯಯಾತ್ರಾ' ಮತ್ತು 'ಶ್ಯಾಮಲ್ ಛಾಯಾ'. ಅದೇ ವರ್ಷದ 'ಮಾತೃತ್ವ' ಚಿತ್ರ ಅವರಿಗೆ ಶ್ರೇಷ್ಠ ನಟ ರಾಷ್ಟ್ರೀಯ ಪ್ರಶಸ್ತಿ ತಂದಿತು. ಆ ದೇಶದ ದೊಡ್ಡ ಗೌರವವಾದ 'ಏಕುಶೇ ಪದಕ' ಬಂದದ್ದು 2018ರಲ್ಲಿ. ಕೊರಳು ಮಾತ್ರ ಇರಲಿಲ್ಲ.

2012ರ ಫೆಬ್ರವರಿ 13ರ ಬೆಳಿಗ್ಗೆ ಢಾಕಾದ ಧಾನ್‌ಮಂಡಿಯ ಮನೆಯ ಬಚ್ಚಲಿನಲ್ಲಿ ಅವರು ಕುಸಿದು ಬಿದ್ದರು. ಅರವತ್ತು ತುಂಬಿರಲಿಲ್ಲ. ಅಂದು ಬಂಗಾಳಿ ಪಂಚಾಂಗದಂತೆ ಫಾಲ್ಗುಣದ ಮೊದಲ ದಿನ. ವಸಂತ ಬಂತೆಂದು ಊರಿನ ಹೆಣ್ಣುಮಕ್ಕಳೆಲ್ಲ ಹಳದಿ ಸೀರೆಯುಟ್ಟು, ಮುಡಿಗೆ ಹೂವಿಟ್ಟು ಬೀದಿಗೆ ಬರುವ ಹಬ್ಬ.

ನಮ್ಮ ಧ್ವನಿ ವಿಭಾಗದ ಗೆಳೆಯರಿಗೆ ಸುದ್ದಿ ತಿಳಿಸಿದ್ದು ಅಗರ್ತಲಾದಿಂದ ಅವರ ತಾಯಿ. ಫೋನಿನಲ್ಲಿ ಆಕೆ ಫರೀದಿ ಎನ್ನಲಿಲ್ಲವಂತೆ. "ನಮ್ಮ ರಮಜಾನ್ ಹೋಗಿಬಿಟ್ಟ ಕಣೋ" ಎಂದರಂತೆ, ಅಷ್ಟು ವರ್ಷ ಬೈದ ಬಾಯಿಂದ.