ಪಾಟ್ಸ್‌ವಿಲ್‌ಗೆ ದಕ್ಕದ ಪಟ್ಟ

ಅಮೆರಿಕದವರು ಫುಟ್‌ಬಾಲ್ ಎಂದು ಕರೆಯುವ ಆಟದಲ್ಲಿ ಕಾಲಿಗಿಂತ ಕೈಗೇ ಕೆಲಸ ಹೆಚ್ಚು. ಮೊಟ್ಟೆಯಾಕಾರದ ಚೆಂಡನ್ನು ಅವುಚಿಕೊಂಡು, ಅಡ್ಡ ಬಂದವರನ್ನು ತಳ್ಳಿ ಗೆರೆ ದಾಟಬೇಕು. ಇಂದು ಇದರ ರಾಷ್ಟ್ರೀಯ ಲೀಗ್ ಎಂದರೆ ಕುಬೇರರ ವ್ಯವಹಾರ. 1925ರಲ್ಲಿ ಅದಕ್ಕೆ ಐದೇ ವರ್ಷ. ಜನ ಮುಗಿಬೀಳುತ್ತಿದ್ದುದು ಕಾಲೇಜು ತಂಡಗಳ ಆಟಕ್ಕೆ. ಹಣಕ್ಕಾಗಿ ಆಡುವವರನ್ನು ಕಂಡರೆ ಹಲವರಿಗೆ ತಾತ್ಸಾರ.

ಆ ವರ್ಷ ಲೀಗ್ ಸೇರಿದ ತಂಡಗಳಲ್ಲಿ ಪಾಟ್ಸ್‌ವಿಲ್ ಮರೂನ್ಸ್ ಒಂದು. ಪಾಟ್ಸ್‌ವಿಲ್ ಎಂಬುದು ಪೆನ್ಸಿಲ್ವೇನಿಯಾ ರಾಜ್ಯದ ಕಲ್ಲಿದ್ದಲು ಗಣಿಗಳ ನಡುವಿನ ಸಣ್ಣ ಊರು. ತಂಡದ ಮಾಲೀಕರು ಡಾ. ಜಾನ್ ಸ್ಟ್ರೀಗಲ್ ಎಂಬ ವೈದ್ಯರು. ತಂಡದ ಭೀಮಬಲ ಟೋನಿ ಲಟೋನ್ ಹುಡುಗನಾಗಿದ್ದಾಗಲೇ ಗಣಿ ಸೇರಿದವನು. ಫಿಲಡೆಲ್ಫಿಯಾದ ಫ್ರಾಂಕ್‌ಫರ್ಡ್ ತಂಡ ಇವರ ಹತ್ತಿರದ ಎದುರಾಳಿ. ನವೆಂಬರ್‌ನಲ್ಲಿ ಆ ತಂಡಕ್ಕೆ 20-0ರಲ್ಲಿ ಸೋತ ಪಾಟ್ಸ್‌ವಿಲ್, ಎರಡೇ ವಾರದಲ್ಲಿ 49-0ರಲ್ಲಿ ಸೇಡು ತೀರಿಸಿಕೊಂಡಿತು.

ಇಲ್ಲಿ ಒಂದು ಲೆಕ್ಕವನ್ನು ಗಮನಿಸಬೇಕು. ಆಗ ಅಂತಿಮ ಪಂದ್ಯವೆಂಬುದೇ ಇರಲಿಲ್ಲ. ಗೆದ್ದ ಪಂದ್ಯಗಳ ಸರಾಸರಿ ಯಾರದು ಹೆಚ್ಚೋ ಅವರೇ ಚಾಂಪಿಯನ್. ಡ್ರಾ ಆದದ್ದು ಲೆಕ್ಕಕ್ಕಿಲ್ಲ. ಡಿಸೆಂಬರ್ 6ರಂದು ಷಿಕಾಗೋದಲ್ಲಿ ಮರೂನ್ಸ್, ಅಗ್ರಸ್ಥಾನದಲ್ಲಿದ್ದ ಕಾರ್ಡಿನಲ್ಸ್ ತಂಡವನ್ನು 21-7ರಿಂದ ಮಣಿಸಿತು. 12 ಪಂದ್ಯಗಳಲ್ಲಿ 10 ಗೆಲುವು, ಸರಾಸರಿ .833. ಊರಿನ ಪಾಲಿಗೆ ಪಟ್ಟ ಬಂದಂತೆಯೇ.

ಆರು ದಿನಗಳ ನಂತರ ಮರೂನ್ಸ್ ಫಿಲಡೆಲ್ಫಿಯಾದಲ್ಲಿ ನೋಟರ್ ಡೇಮ್ ಕಾಲೇಜಿನ ಮಾಜಿ ತಾರೆಯರ ವಿರುದ್ಧ ಆಡಿತು. ದೇಶವೇ ಹಾಡಿ ಹೊಗಳಿದ್ದ 'ನಾಲ್ವರು ಕುದುರೆ ಸವಾರರು' ಎದುರಿಗಿದ್ದರು. ಕೊನೆಗಳಿಗೆಯಲ್ಲಿ ಚಾರ್ಲಿ ಬೆರಿ ಒದ್ದ ಚೆಂಡು ಗೋಲುಕಂಬಗಳ ನಡುವೆ ಹಾದು 9-7ರ ಜಯ ತಂದಿತು. ಹಣಕ್ಕೆ ಆಡುವವರೂ ಕಾಲೇಜಿನವರಿಗೆ ಕಡಿಮೆಯಿಲ್ಲ ಎಂದು ತೋರಿಸಿದ ಗೆಲುವು ಅದು.

ಆದರೆ ಫಿಲಡೆಲ್ಫಿಯಾ ಫ್ರಾಂಕ್‌ಫರ್ಡ್‌ನ ಪ್ರದೇಶ. ಅಲ್ಲಿ ಬೇರೆಯವರು ಆಡಿದರೆ ನಮ್ಮ ಗೇಟಿನ ಹಣ ಹೋಗುತ್ತದೆ ಎಂದು ಆ ತಂಡ ದೂರಿತು. ಲೀಗ್ ಅಧ್ಯಕ್ಷ ಜೋ ಕಾರ್ ಮೊದಲೇ ಎಚ್ಚರಿಸಿದ್ದರು, ಪಾಟ್ಸ್‌ವಿಲ್ ಅಮಾನತಾಯಿತು. ಫೋನಿನಲ್ಲಿ ಲೀಗ್ ಕಚೇರಿಯ ಒಪ್ಪಿಗೆ ಸಿಕ್ಕಿತ್ತೆಂದು ಸ್ಟ್ರೀಗಲ್ ವಾದಿಸಿದರೂ ಪ್ರಯೋಜನವಾಗಲಿಲ್ಲ. ನಿಯಮವೇನೋ ನ್ಯಾಯವಾದದ್ದೇ, ಟಿಕೆಟ್ ಹಣವೇ ಆ ತಂಡಗಳ ಅನ್ನ. ಶಿಕ್ಷೆ ಮಾತ್ರ ತಪ್ಪಿಗಿಂತ ದೊಡ್ಡದಾಯಿತು.

ಅತ್ತ ಕಾರ್ಡಿನಲ್ಸ್ ಅವಸರದಲ್ಲಿ ಎರಡು ಪಂದ್ಯ ಗೊತ್ತುಮಾಡಿ, ಮಿಲ್ವಾಕಿಯನ್ನು 59-0, ಹ್ಯಾಮಂಡ್ ತಂಡವನ್ನು 13-0ರಿಂದ ಸೋಲಿಸಿತು. ಸರಾಸರಿ .846ಕ್ಕೆ ಏರಿತು. ಆಮೇಲೆ ಬಯಲಾದದ್ದೇನೆಂದರೆ, ಮಿಲ್ವಾಕಿ ಪರ ಆಡಿದವರಲ್ಲಿ ನಾಲ್ವರು ಹೈಸ್ಕೂಲ್ ಹುಡುಗರು! ಕಾರ್ ದಂಡ ಹಾಕಿದರು, ಆದರೂ ಪಂದ್ಯ ದಾಖಲೆಯಲ್ಲಿ ಉಳಿಯಿತು. ಅದೊಂದನ್ನು ತೆಗೆದು ಕೂಡಿಸಿದರೆ ಎರಡೂ ತಂಡಗಳದು ಸರಿಯಾಗಿ .833. ಮುಖಾಮುಖಿಯಲ್ಲಿ ಗೆದ್ದವರು ಯಾರೆಂಬುದು ಗೊತ್ತೇ ಇದೆ.

ಕಾರ್ಡಿನಲ್ಸ್ ಮಾಲೀಕ ಕ್ರಿಸ್ ಓಬ್ರಿಯನ್ ತಾವೇ ಪಟ್ಟ ಬೇಡವೆಂದರು. ಮುಂದೆ ತಂಡ ಬಿಡ್ವಿಲ್ ಮನೆತನದ ಕೈ ಸೇರಿದಾಗ ಆ ಸಂಕೋಚ ಉಳಿಯಲಿಲ್ಲ. ದಾಖಲೆಯಲ್ಲಿ ಇಂದಿಗೂ ಕಾರ್ಡಿನಲ್ಸ್ ಹೆಸರೇ ಇದೆ. ಮರೂನ್ಸ್ 1928ರ ಬಳಿಕ ಬಾಸ್ಟನ್‌ಗೆ ಹೋಗಿ ಕಣ್ಮರೆಯಾಯಿತು. ಊರು ಮಾತ್ರ ಸುಮ್ಮನಾಗಲಿಲ್ಲ. 1963ರಲ್ಲಿ ಲೀಗಿನ ಮಾಲೀಕರು 12-2 ಮತಗಳಿಂದ ಮನವಿ ತಿರಸ್ಕರಿಸಿದರು. 2003ರಲ್ಲಿ 30-2. ಆ ಎರಡು ಮತ ಪೆನ್ಸಿಲ್ವೇನಿಯಾದ ತಂಡಗಳಾದ ಫಿಲಡೆಲ್ಫಿಯಾ, ಪಿಟ್ಸ್‌ಬರ್ಗ್‌ಗಳದು. ಮರೂನ್ಸ್ ಆಟಗಾರರು ತಮ್ಮೂರಿನ ಕಲ್ಲಿದ್ದಲಿನಲ್ಲೇ ಫುಟ್‌ಬಾಲ್ ಕೆತ್ತಿಸಿ, ಪಟ್ಟದ ಗುರುತೆಂದು ಓಹಿಯೋದ ಕ್ಯಾಂಟನ್‌ನಲ್ಲಿರುವ ಫುಟ್‌ಬಾಲ್ ವಸ್ತುಸಂಗ್ರಹಾಲಯಕ್ಕೆ ಕೊಟ್ಟಿದ್ದಾರೆ.