ಬೆಳೆ ಕಾಯುವ ಕೋವಿ ಮತ್ತು ಕಾನೂನು
(ನರೋಣಾದಲ್ಲಿ ನೀಡಿದ ಉಪನ್ಯಾಸದ ಸಾರ)



ನಮ್ಮ ಮಲೆನಾಡಿನ ಗದ್ದೆಗೂ ನಿಮ್ಮ ನರೋಣಾದ ತೊಗರಿ ಹೊಲಕ್ಕೂ ಕಾಡುಹಂದಿಯ ಕಾಟ ಒಂದೇ. ಆದರೆ ಬೆಳೆರಕ್ಷಣೆಯ ಕೋವಿಗೆ ದೊರೆತ ಪರವಾನಗಿಯು ಬೇಟೆಯ ಅಪ್ಪಣೆಯಲ್ಲ.

ಬದುವಿನ ಜಗಳದಲ್ಲಿ ಮೊಕದ್ದಮೆ ದಾಖಲಾದ ಮಾತ್ರಕ್ಕೆ ಪರವಾನಗಿ ತಾನಾಗಿ ರದ್ದಾಗದು. ಸಾರ್ವಜನಿಕ ಶಾಂತಿ, ಸುರಕ್ಷತೆಗೆ ಅಗತ್ಯವೆನಿಸಿದರೆ, 1959ರ ಆಯುಧ ಅಧಿನಿಯಮದ 17ನೆಯ ಕಲಮಿನನ್ವಯ ಜಿಲ್ಲಾಧಿಕಾರಿಗಳು ಅದನ್ನು ಅಮಾನತುಗೊಳಿಸಬಹುದು ಅಥವಾ ರದ್ದುಪಡಿಸಬಹುದು. ಅದಕ್ಕೆ ಕಾರಣಗಳನ್ನು ಲಿಖಿತವಾಗಿ ದಾಖಲಿಸಬೇಕು. 18ನೆಯ ಕಲಮು ನಿಮಗೆ ಮೇಲ್ಮನವಿಯ ಹಕ್ಕನ್ನಿತ್ತಿದೆ.

ಅಪ್ಪಣೆಯಿಲ್ಲದೆ ವನ್ಯಮೃಗವನ್ನು ಕೊಂದ ಅಪರಾಧ ಸಾಬೀತಾದರೆ, 1972ರ ವನ್ಯಜೀವಿ ಸಂರಕ್ಷಣಾ ಅಧಿನಿಯಮದ 51ನೆಯ ಕಲಮಿನಂತೆ ನ್ಯಾಯಾಲಯವು ಆ ಕೋವಿಯ ಪರವಾನಗಿಯನ್ನೇ ರದ್ದುಗೊಳಿಸಿ, 5 ವರ್ಷ ಹೊಸ ಪರವಾನಗಿ ದೊರೆಯದಂತೆ ಆದೇಶಿಸಬಹುದು.

ಆದ್ದರಿಂದ ಮೊದಲು ಅರಣ್ಯಾಧಿಕಾರಿಗಳ ಲಿಖಿತ ಅಪ್ಪಣೆ ಪಡೆಯಿರಿ. ಅಮಾನತಿನ ಆದೇಶ ಬಂದರೆ ಕೋವಿಯನ್ನು ಅಡಗಿಸದೆ ಒಪ್ಪಿಸಿ, ಕಾರಣ ಕೇಳಿ ಪಡೆಯಿರಿ. ಬೆಳೆಯೂ ಉಳಿಯಲಿ, ಕಾಡೂ ಉಳಿಯಲಿ.