ಶ್ರಾವಣದ ಮೊದಲ ಸಂಕಲ್ಪ



ಆಷಾಢದ ಬೋನಾಲು ಮುಗಿಯಿತು. ನಿನ್ನೆ ಭೀಮನ ಅಮಾವಾಸ್ಯೆ. ಇವತ್ತು, 2025ರ ಜುಲೈ 25, ಶ್ರಾವಣದ ಮೊದಲ ದಿನವೂ ಹೌದು, ಮೊದಲ ಶುಕ್ರವಾರವೂ ಹೌದು. ಆಫೀಸಿನ ಉತ್ತರದ ಗೆಳತಿಗೆ ಎರಡು ವಾರ ಮೊದಲೇ ಸಾವನ್ ಬಂದಿತ್ತು. ಅವರ ತಿಂಗಳು ಹುಣ್ಣಿಮೆಯ ಮರುದಿನ ಶುರು, ನಮ್ಮದು ಅಮಾವಾಸ್ಯೆಯ ಮರುದಿನ.

ಚಿಕ್ಕಂದಿನಲ್ಲಿ ಮಾಸ ಬದಲಾದದ್ದು ನಮಗೆ ತಿಳಿಯುತ್ತಿದ್ದದ್ದೇ ಅಪ್ಪನ ಪೂಜೆಯ ಸಂಕಲ್ಪದಿಂದ. ಸಂವತ್ಸರ, ಅಯನ, ಋತು, ಮಾಸ, ತಿಥಿ, ಆಮೇಲೆ ನಿಂತ ಜಾಗ. ನಾನು ದಿನವಿಡೀ ನೋಡುವ ಲಾಗ್ ಫೈಲಿನ ಹಾಗೇ! ಅಪ್ಪ ಹೋದ ಮೇಲೆ ಅಮ್ಮ ಬರೀ ದೀಪ ಹಚ್ಚುತ್ತಿದ್ದಳು.

ಇವತ್ತು ಫೋನಿನಲ್ಲಿ, "ನೀನೇ ಹೇಳೇ" ಅಂದಳು. ವಿಶ್ವಾವಸು ಸಂವತ್ಸರ, ದಕ್ಷಿಣಾಯನ, ವರ್ಷ ಋತು ಅಂತ ಶುರುಮಾಡಿ, ಜಾಗಕ್ಕೆ ಬಂದಾಗ ತಡವರಿಸಿದೆ. ಅಪ್ಪ ಹೇಳುತ್ತಿದ್ದದ್ದು ಗೋದಾವರಿಯ ದಕ್ಷಿಣ ತೀರ. ಇಲ್ಲಿಯ ಪುರೋಹಿತರು ಕೃಷ್ಣಾ ಗೋದಾವರಿಗಳ ನಡುವೆ ಎನ್ನುತ್ತಾರೆ. ಯೋಚಿಸಿದರೆ ಮಲ್ಕಾಜ್‌ಗಿರಿಗೆ ಎರಡೂ ಸರಿಯೇ. ಅಪ್ಪನ ಮಾತನ್ನೇ ಇಟ್ಟುಕೊಂಡೆ.

ಮನೆಯವರ ಹೆಸರು ಹೇಳುವಾಗ ಮೊದಲ ಹೆಸರಿನ ಜಾಗದಲ್ಲಿ ನಿಂತುಬಿಟ್ಟೆ. ಆ ಕಡೆ ಅಮ್ಮನೂ ಸುಮ್ಮನಾದಳು. ಸ್ವಲ್ಪ ಹೊತ್ತಿಗೆ, "ಮುಂದೆ ಹೇಳು ಪುಟ್ಟಿ" ಅಂದಳು.